ಗಾಜಿನ ಒಳಮೈ

ಗಾಜಿನ ಒಳಮೈಯಲ್ಲಿ ಮೊದಲ ಮಂಜು ಕಟ್ಟಿದಾಗ ಒಂಬತ್ತೂವರೆಯಾಗಿತ್ತು. ಸರಿಯಾದ ಹೊತ್ತೇ. ಬಿಸಿಲು ಸರಿಯಾಗಿತ್ತು, ಗಾಳಿ ಇರಬೇಕಾದಷ್ಟೇ ಇತ್ತು, ಬೆಳಿಗ್ಗೆ ಏಳಕ್ಕೆ ದಡದಿಂದ ಹೊತ್ತು ತಂದು ಸುರಿದ ಎರಡು ಕೊಡ ಸಮುದ್ರದ ನೀರು ಪೆಟ್ಟಿಗೆಯ ಕಪ್ಪು ತಳದಲ್ಲಿ ಎರಡು ಬೆರಳೆತ್ತರ ನಿಂತು ಕಾಯುತ್ತಿತ್ತು. ಆದರೂ ಅವಳಿಗೆ ಎಲ್ಲೋ ಏನೋ ತಪ್ಪಿದೆ ಅನ್ನಿಸಿತು. ಅಡುಗೆಮನೆಗೆ ಕಾಲಿಟ್ಟ ಕೂಡಲೇ ಯಾವುದೋ ಪಾತ್ರೆ ಜಾಗ ಬದಲಾಗಿದೆ ಎಂದು ಗೊತ್ತಾಗುತ್ತದಲ್ಲ, ಯಾವುದು ಎಂದು ಮಾತ್ರ ಗೊತ್ತಾಗುವುದಿಲ್ಲ, ಹಾಗೆ. ಬಗ್ಗಿ ನೋಡೋಣವೆಂದರೆ ಬೆನ್ನ ಹಿಂದೆ, ತಾರಸಿಯ ತೊಟ್ಟಿಯ ನೆರಳಿನಲ್ಲಿ ಹಾಕಿದ ಕುರ್ಚಿಯಲ್ಲಿ, ಆಸ್ಪತ್ರೆಯ ದೊಡ್ಡ ನರ್ಸ್ ಕೂತಿದ್ದರು. ಎದೆಗೆ ತಲೆಕೆಳಗಾಗಿ ಸಿಕ್ಕಿಸಿಕೊಂಡ ಗಡಿಯಾರ, ತೊಡೆಯ ಮೇಲೆ ಆಸ್ಪತ್ರೆಯ ಹರಿದ ದಿಂಬಿನ ಚೀಲ, ಕೈಯಲ್ಲಿ ಸೂಜಿ. ಎಂಟು ಗಂಟೆಗೆ ಮೆಟ್ಟಿಲು ಹತ್ತಿ ಬಂದವರು ಒಂದೇ ಮಾತು ಹೇಳಿದ್ದರು: "ಇವತ್ತು ನಂಗೆ ರಜೆ. ನಿನ್ನ ಲೆಕ್ಕದ ಪುಸ್ತಕ ಓದಿ ಆಯ್ತು. ಇನ್ನು ಸಂಜೆ ಐದರ ತನಕ ಪೆಟ್ಟಿಗೇನ ಓದ್ತೀನಿ." ಅವಳು ನಗಬೇಕಿತ್ತು. ನಗುವಿನ ಬದಲು "ಹ್ಞೂಂ" ಎಂದಿದ್ದಳು.

ಮನುಷ್ಯರ ಎದುರು ಅವಳ ಮಾತು ಯಾವತ್ತೂ ಹೀಗೆಯೇ. ಒಂದು ವಾಕ್ಯವನ್ನು ಮೂರು ಸಲ ಮನಸ್ಸಿನಲ್ಲಿ ಒತ್ತಿ ಮಡಿಸಿ ಇಟ್ಟುಕೊಂಡು ಬಂದರೂ, ಬಾಯಿಗೆ ಬರುವ ಹೊತ್ತಿಗೆ ಮಾತು ಬೇರೆ ಕಡೆ ಹೋಗಿರುತ್ತದೆ. ಪೆಟ್ಟಿಗೆಯ ಎದುರು ಹಾಗಲ್ಲ. ಇಲ್ಲಿ ಅವಳು ಯಾರನ್ನೂ ಕೇಳಬೇಕಿಲ್ಲ. ಹಳೆಯ ಬಾಗಿಲೊಂದರ ಹಲಗೆಯಿಂದ ಮಾಡಿದ ಪೆಟ್ಟಿಗೆ, ಒಳಗೆ ಕಪ್ಪು ಬಳಿದ ತಳ, ಮೇಲೆ ಇಳಿಜಾರಾಗಿ ಮಲಗಿಸಿದ ಒಂದೇ ಗಾಜು, ಗಾಜಿನ ಕೆಳತುದಿಗೆ ತಗಡಿನ ಸಣ್ಣ ಕಾಲುವೆ, ಅಲ್ಲಿಂದ ಕೊಳವೆ, ಕೊಳವೆಯ ಕೆಳಗೆ ಜಾಡಿ. ತಂತಿಯಿಲ್ಲ, ಬೆಂಕಿಯಿಲ್ಲ, ತಿರುಗುವ ಚಕ್ರವಿಲ್ಲ. ಬಿಸಿಲು ಕಾಯಿಸುತ್ತದೆ, ನೀರು ಉಪ್ಪನ್ನು ಕೆಳಗೇ ಬಿಟ್ಟು ಆವಿಯಾಗಿ ಏಳುತ್ತದೆ, ಗಾಜಿಗೆ ತಾಗಿ ತಣಿದು ಮತ್ತೆ ನೀರಾಗಿ ಜಾರಿ ಜಾಡಿಗೆ ಬೀಳುತ್ತದೆ. ಬೆಳಿಗ್ಗೆ ಆಕಾಶ ನೋಡಿ, ಸಂಜೆ ಐದಕ್ಕೆ ಜಾಡಿಯಲ್ಲಿ ಎಷ್ಟಿರುತ್ತದೆಂದು ಒಂದು ಲೋಟದ ಹೆಚ್ಚುಕಡಿಮೆಯಲ್ಲಿ ಅವಳು ಹೇಳಬಲ್ಲಳು. ಇವತ್ತು ಐದೂವರೆ ಲೀಟರ್. ಅದರಲ್ಲಿ ಅವಳಿಗೆ ಎಳ್ಳಷ್ಟೂ ಸಂಶಯವಿರಲಿಲ್ಲ. ಇದ್ದ ಸಂಶಯವೆಲ್ಲ ಪುಸ್ತಕದ ಒಂದು ಪುಟದ ಮೇಲೆ.

ತೊಂಬತ್ತೆರಡು ದಿನ, ತೊಂಬತ್ತೆರಡು ಸಾಲು. ಇಂಥ ಹತ್ತು ಪೆಟ್ಟಿಗೆ ಆಸ್ಪತ್ರೆಯ ತಾರಸಿಯ ಮೇಲೆ ಬರುತ್ತವೋ ಇಲ್ಲವೋ ಎಂಬುದು ಆ ಸಾಲುಗಳ ಮೇಲೆ ನಿಂತಿತ್ತು. ಆರು ಹಾಸಿಗೆಯ ಆಸ್ಪತ್ರೆ, ಬಾವಿ ಬಾಯಿಗಿಡಲಾರದಷ್ಟು ಉಪ್ಪು, ಕುಡಿಯುವ ನೀರು ವಾರಕ್ಕೆ ಎರಡು ಸಲ ದೋಣಿಯಲ್ಲಿ ಬರಬೇಕು. ದೋಣಿ ತಪ್ಪಿದ ದಿನ ದೊಡ್ಡ ನರ್ಸ್ ಬಾಣಂತಿಯರಿಗೂ ಅಳೆದು ಅರ್ಧ ಲೋಟ ಕೊಡುತ್ತಾರೆಂದು ಓಣಿಯಲ್ಲಿ ಹೇಳುತ್ತಿದ್ದರು. ಆ ತೊಂಬತ್ತೆರಡು ಸಾಲುಗಳಲ್ಲಿ ಒಂದು ಸುಳ್ಳು. ಒಂದು ಕೆಲಸದ ಸಂದರ್ಶನ ಮುಗಿಸಿ ಬಂದ ಮಾರನೆಯ ದಿನದ್ದು. ಮೇಜಿನ ಆಚೆ ಮೂವರು ಕೂತಿದ್ದರು. ಒಬ್ಬರು, ನೀವು ಓದಿದ್ದರಲ್ಲಿ ನಿಮಗೆ ಇಷ್ಟವಾದದ್ದು ಯಾವುದು ಎಂದು ಮೃದುವಾಗಿಯೇ ಕೇಳಿದರು. ಅವಳು ಮೇಜಿನ ಮೇಲಿದ್ದ ನೀರಿನ ಲೋಟವನ್ನು ನೋಡುತ್ತ ಕೂತಳು. ಶಾಖದ ಬಗ್ಗೆ ಹೇಳಬೇಕೆಂದಿತ್ತು. ಲೋಟದ ಹೊರಮೈಯಲ್ಲಿ ಹನಿ ಕಟ್ಟಿತ್ತು, ಅದರ ಬಗ್ಗೆಯೇ ಹೇಳಬಹುದಿತ್ತು. ಮೂವರಲ್ಲಿ ಕೊನೆಯವರು, ಪರವಾಗಿಲ್ಲ, ನೀರು ಕುಡೀರಿ ಅಂದರು. ಆ "ಪರವಾಗಿಲ್ಲ"ವನ್ನು ಹೊತ್ತುಕೊಂಡು ಮನೆಗೆ ಬಂದವಳು ಮರುದಿನವಿಡೀ ಹಾಸಿಗೆ ಬಿಟ್ಟು ಏಳಲಿಲ್ಲ, ಮೆಟ್ಟಿಲು ಹತ್ತಲಿಲ್ಲ. ಸಂಜೆ ಪುಸ್ತಕ ತೆಗೆದು ಐದು ಲೀಟರ್ ಎಂಟುನೂರು ಎಂದು ಬರೆದಳು. ಬೇರೆ ಸಾಲುಗಳು ನಿಂತುಕೊಂಡು ಬರೆದಂಥವು, ಒದ್ದೆ ಬೆರಳಿನ ಗುರುತಿರುವವು. ಈ ಒಂದು ಸಾಲು ಮಾತ್ರ ಮುತ್ತು ಪೋಣಿಸಿದ ಹಾಗಿತ್ತು. ಕಳೆದ ವಾರ ದೊಡ್ಡ ನರ್ಸ್ ಪುಟಗಳ ಮೇಲೆ ಬೆರಳು ಜಾರಿಸುತ್ತ ಬಂದಾಗ ಬೆರಳು ಅಲ್ಲಿ ನಿಂತಿತೆ? ನಿಂತಿತು. ಇಲ್ಲ, ಅದು ಪುಟದ ಕೊನೆ, ಯಾರ ಬೆರಳಾದರೂ ಅಲ್ಲಿ ನಿಲ್ಲುತ್ತದೆ.

"ಏನೇ ಹನಿಯಮ್ಮ, ಸಮುದ್ರ ಖಾಲಿಯಾಯ್ತೇನೇ?" ಅತ್ತೆ ಚಹಾದ ತಟ್ಟೆ ಹಿಡಿದು ಮೇಲೆ ಬಂದಿದ್ದಳು. ಅಪ್ಪನ ಅಕ್ಕ, ಈ ಮನೆಯಲ್ಲಿ ಯಾರಿಗೆ ಯಾವ ಹೆಸರು ಅಂಟಬೇಕೆಂದು ತೀರ್ಮಾನಿಸುವವಳು ಅವಳೇ. ಹನಿಯಮ್ಮ ಎಂಬುದು ಹೀಗೆ ಮನೆಯಲ್ಲಿ ಹುಟ್ಟಿ, ಓಣಿಗೆ ಹೋಗಿ, ಈಗ ಅಂಗಡಿಯವರೂ ಕರೆಯುವ ಹೆಸರಾಗಿತ್ತು. "ನೋಡಿ ನರ್ಸಮ್ಮ, ಸಮುದ್ರದ ನೆಂಟಸ್ತನ, ಉಪ್ಪಿಗೆ ಬಡತನ ಅಂತಾರೆ. ನಮ್ಮನೇಲಿ ತಿರುಗುಮುರುಗು. ಉಪ್ಪು ಬೇಕಾದಷ್ಟಿದೆ, ಗಾಜಿನ ಕೆಳಗೆ ಕೆರೆದು ಕೆರೆದು ಬಕೆಟ್ ತುಂಬಿಟ್ಟಿದ್ದಾಳೆ. ಮಾತಿಗೆ ಮಾತ್ರ ಬಡತನ." ದೊಡ್ಡ ನರ್ಸ್ ನಕ್ಕು, ಹಲ್ಲಿನಲ್ಲಿ ದಾರ ಕಡಿದು, "ಮಾತಾಡೋರು ನಮ್ಮಲ್ಲಿ ಬೇಕಾದಷ್ಟು ಜನ ಇದ್ದಾರೆ, ಬಿಡಿ," ಅಂದರು. ಆ ನಗುವಿನ ಮರೆಯಲ್ಲಿ ಅವಳು ಬಗ್ಗಿ ನೋಡಿದಳು.

ಮಂಜು ಹನಿಯಾಗಿತ್ತು. ಹನಿಯಾಗಬಾರದಿತ್ತು. ಜಿಡ್ಡಿಲ್ಲದ ಗಾಜಿನ ಮೇಲೆ ನೀರು ಹನಿಯಾಗಿ ನಿಲ್ಲುವುದಿಲ್ಲ. ಪೊರೆಯಂತೆ ಹರಡಿ, ಕಣ್ಣಿಗೆ ಕಾಣದ ಹಾಗೆ ಇಳಿಜಾರಿನುದ್ದ ಜಾರಿ ಕಾಲುವೆ ಸೇರುತ್ತದೆ. ಜಿಡ್ಡಿದ್ದರೆ ಮಣಿ ಕಟ್ಟುತ್ತದೆ, ಮಣಿ ದಪ್ಪವಾಗುತ್ತದೆ, ಅರ್ಧ ದಾರಿಯಲ್ಲೇ ತೂಕ ತಾಳದೆ ಉಪ್ಪುನೀರಿಗೇ ಉದುರುತ್ತದೆ. ಗಾಜಿನ ಈ ತುದಿಯಿಂದ ಆ ತುದಿಯವರೆಗೆ ಸಾಲುಸಾಲು ಮಣಿಗಳು, ಒಂದೊಂದರಲ್ಲೂ ಸೂರ್ಯ, ನೋಡಲು ಎಷ್ಟು ಚಂದ. ಅವಳು ನೋಡುತ್ತಿದ್ದಂತೆ ಒಂದು ಉದುರಿತು. ಮತ್ತೊಂದು. ಜಾಡಿಯಲ್ಲಿ ತಳ ಮುಚ್ಚುವಷ್ಟೂ ನೀರಿರಲಿಲ್ಲ. ಅವಳು ಕಾಲುವೆಯ ಮೂಲೆಗೆ ಮೂಗು ತಂದಳು. ಮೇಣದ ಪಾಲಿಶಿನ ವಾಸನೆ. ಅದು ಅಪ್ಪನ ಅಂಗಿಯ ವಾಸನೆ.

ಅಪ್ಪ ಗಾಜಿನವನು. ದೊಡ್ಡ ಬೀದಿಯ ಅಂಗಡಿಗಳಿಗೆ ಕಿಟಕಿ ಗಾಜು ಕೂರಿಸಿ, ಕೊನೆಗೆ ಜೇಬಿನಿಂದ ಮೆತ್ತನೆ ಬಟ್ಟೆ ತೆಗೆದು, ಮೇಣದ ಪಾಲಿಶಿನಿಂದ ಒಳಗೂ ಹೊರಗೂ ತಿಕ್ಕಿ, ನಾಲ್ಕು ಹೆಜ್ಜೆ ಹಿಂದೆ ಹೋಗಿ ತಲೆ ಓರೆ ಮಾಡಿ ನೋಡಿದ ಮೇಲೆಯೇ ಅವನ ಕೆಲಸ ಮುಗಿಯುವುದು. ಹಕ್ಕಿ ಬಂದು ಡಿಕ್ಕಿ ಹೊಡೀಬೇಕು, ಆಗ ಗಾಜು ಅನ್ನಬೇಕು ಎನ್ನುತ್ತಿದ್ದ. ಈ ಪೆಟ್ಟಿಗೆಯ ಗಾಜೂ ಅವನದೇ. ಅವಳು ಒಂಬತ್ತು ವರ್ಷದವಳಿದ್ದಾಗ ಬಟ್ಟೆ ಅಂಗಡಿಯೊಂದಕ್ಕೆಂದು ಕತ್ತರಿಸಿದ್ದು. ಒಯ್ದು ಚೌಕಟ್ಟಿಗೆ ಇಟ್ಟರೆ ಒಂದು ಅಂಗುಲ ಕಡಿಮೆ. ಅಂಗಡಿಯ ತುಂಬ ಜನ. ಮರದ ಚೌಕಟ್ಟು ಊದಿದೆ ಎನ್ನಬಹುದಿತ್ತು, ಅಳತೆ ಕೊಟ್ಟವರು ತಪ್ಪು ಕೊಟ್ಟರು ಎನ್ನಬಹುದಿತ್ತು. ಅಪ್ಪ ಗಾಜನ್ನು ಇಬ್ಬರು ಕೂಲಿಗಳ ಕೈಗೆ ಕೊಟ್ಟು, ಕೈ ಒರೆಸಿಕೊಂಡು, "ನಾನು ತಪ್ಪು ಕತ್ತರಿಸಿದೆ" ಎಂದ. ಅಷ್ಟೇ, ಜೋರಾಗಿ, ಎಲ್ಲರಿಗೂ ಕೇಳುವ ಹಾಗೆ. ಅವಳು ಬಟ್ಟೆಯ ಥಾನುಗಳ ಹಿಂದೆ ಅಡಗಿ ನಿಂತಿದ್ದಳು. ಇವನು ನನ್ನ ಅಪ್ಪ ಅಂತ ಯಾರಿಗೂ ಗೊತ್ತಾಗದಿರಲಿ ಎಂದುಕೊಂಡದ್ದು ಇವತ್ತಿಗೂ ನೆನಪಿದೆ. ಆ ಗಾಜು ಹದಿಮೂರು ವರ್ಷ ಕಪಾಟಿನ ಹಿಂದೆ ಗೋಡೆಗೆ ಒರಗಿಕೊಂಡಿತ್ತು. ಅವಳು ಪೆಟ್ಟಿಗೆಯ ಚಿತ್ರ ಬರೆದು ತೋರಿಸಿದ ದಿನ ಅಪ್ಪ ಏನೂ ಕೇಳದೆ ಅದನ್ನು ಎಳೆದು, "ಇದು ಸರಿಹೋಗುತ್ತೆ" ಎಂದಿದ್ದ.

ನಿನ್ನೆ ಅವಳೇ ಅಪ್ಪನಿಗೆ ಹೇಳಿದ್ದಳು: ನಾಳೆ ಅವರು ಬರ್ತಾರೆ, ಗಾಜು ಚೊಕ್ಕವಾಗಿರಬೇಕು. ಹೊರಗೆ ಮಾತ್ರ ಅಂತ ಹೇಳಿರಲಿಲ್ಲ. ಒಳಗಡೆಯನ್ನು ಸೋಡಾ ಹಾಕಿದ ನೀರಲ್ಲಿ ತೊಳೆಯಬೇಕು, ಬಟ್ಟೆ ಮುಟ್ಟಿಸಬಾರದು ಎಂಬುದನ್ನು ತೊಂಬತ್ತೆರಡು ದಿನದಲ್ಲಿ ಒಂದು ದಿನವೂ ಅವನಿಗೆ ಹೇಳಿರಲಿಲ್ಲ. ಮೂವತ್ತು ವರ್ಷ ಗಾಜು ಹಿಡಿದವನಿಗೆ ಗಾಜು ಒರೆಸುವುದು ಹೇಗೆಂದು ಹೇಳಿಕೊಡಲು ನಾಚಿಕೆ. ಆ ನಾಚಿಕೆಯೇ ಈಗ ಮಣಿಮಣಿಯಾಗಿ ಉದುರುತ್ತಿತ್ತು. ಅವಳು ಸದ್ದಿಲ್ಲದೆ ಮೆಟ್ಟಿಲಿಳಿದಳು. ಅತ್ತೆ ಹಿಂದೆಯೇ ಬಂದಳು. ಅವಳ ಕಣ್ಣು ತಪ್ಪಿಸುವುದು ಯಾರಿಂದಲೂ ಆಗುವ ಕೆಲಸವಲ್ಲ.

"ಮುಖ ಯಾಕೆ ಹುಳ್ಳಗಿದೆ? ಏನಾಯ್ತು ಹೇಳು."

"ಅಪ್ಪ ಒಳಗೆ ಪಾಲಿಶ್ ಹಾಕಿದ್ದಾನೆ. ಎರಡು ಲೀಟರೂ ಬರಲ್ಲ."

ಅತ್ತೆ ಮೆಟ್ಟಿಲ ಕೆಳಗಿದ್ದ ಮುಚ್ಚಿದ ಕೊಡದ ಕಡೆ ಗದ್ದ ತೋರಿಸಿದಳು. ನಿನ್ನೆಯದು, ಮೊನ್ನೆಯದು, ಪೆಟ್ಟಿಗೆಯದೇ ನೀರು. "ಅದೂ ನಿಂದೇ ತಾನೆ? ನಾನು ನರ್ಸಮ್ಮನ್ನ ಊಟಕ್ಕೆ ಕೆಳಗೆ ಕರೀತೀನಿ. ನೀನು ಜಾಡಿಗೆ ಮೂರು ಚೊಂಬು ಸುರಿ. ಕದ್ದದ್ದಲ್ಲ, ಬೇರೆಯೋರ ಮನೇದಲ್ಲ. ನಿನ್ನೆಯ ಬಿಸಿಲೂ ಬಿಸಿಲೇ, ಇವತ್ತಿನದೂ ಬಿಸಿಲೇ."

ಮಾತು ತಪ್ಪು ಅನ್ನಿಸಲೇ ಇಲ್ಲ. ಅದೇ ಅವಳನ್ನು ಹೆದರಿಸಿದ್ದು. ಪೆಟ್ಟಿಗೆ ಐದೂವರೆ ಕೊಡುತ್ತದೆ ಎಂಬುದು ನಿಜ. ನಿಜವಾದದ್ದನ್ನು ನಿಜವೆಂದು ತೋರಿಸಲು ಮೂರು ಚೊಂಬು. ಹಾಸಿಗೆಯಲ್ಲಿ ಮಲಗಿದ್ದ ಆ ದಿನವೂ ಹೀಗೇ ಅಂದುಕೊಂಡಿದ್ದಳು: ಹತ್ತಿ ಹೋಗಿ ನೋಡಿದ್ದರೂ ಇಷ್ಟೇ ಇರುತ್ತಿತ್ತು. ಅವಳ ಕೈ ಚೊಂಬಿನ ಕಂಠದ ಮೇಲಿತ್ತು. ತಣ್ಣಗಿತ್ತು. ಉಪ್ಪು ತಿಂದವನು ನೀರು ಕುಡಿಯಲೇಬೇಕು ಎಂದು ಚಿಕ್ಕಂದಿನಲ್ಲಿ ಇದೇ ಅತ್ತೆ ಕಿವಿ ಹಿಂಡಿ ಹೇಳಿಕೊಟ್ಟಿದ್ದಳು. ನೆನಪಾಗಿ ನಗು ಬಂತು, ಬರಬಾರದ ಹೊತ್ತಿನಲ್ಲಿ. ಐದು ಗಂಟೆಗೆ ದೊಡ್ಡ ನರ್ಸ್ ಜಾಡಿಯಿಂದ ಒಂದು ಲೋಟ ಬಗ್ಗಿಸಿ ಕುಡಿಯುತ್ತಾರೆ. ಅಂಥದೇ ಲೋಟ ನಾಳೆ ಬಾಣಂತಿಯ ಕೈಯಲ್ಲಿರುತ್ತದೆ. ಅದರಲ್ಲಿ ಮೇಣದ ವಾಸನೆ ಇರುತ್ತದೆ.

"ಬೇಡ ಅತ್ತೆ," ಅಂದಳು.

"ಹಾಗಾದ್ರೆ ಏನು ಮಾಡ್ತೀಯ?"

"ಗಾಜು ಬಿಚ್ಚುತ್ತೀನಿ."

"ಅವರ ಮುಂದೇನಾ? ಅಪ್ಪನ ಮರ್ಯಾದೆ?"

ಅವಳು ಚೊಂಬಿನಿಂದ ಕೈ ತೆಗೆದು ಮೆಟ್ಟಿಲು ಹತ್ತಿದಳು. ಮೇಲೆ ಹೋದಾಗ ಅಪ್ಪನೂ ಬಂದು ನಿಂತಿದ್ದ. ಒಗೆದ ಅಂಗಿ, ಒದ್ದೆ ಕೂದಲು. ಪೆಟ್ಟಿಗೆಯಿಂದ ನಾಲ್ಕು ಹೆಜ್ಜೆ ದೂರದಲ್ಲಿ ತಲೆ ಓರೆ ಮಾಡಿಕೊಂಡು ಗಾಜು ನೋಡುತ್ತಿದ್ದ. "ನೋಡಿದ್ರಾ ನರ್ಸಮ್ಮ, ಹೇಗೆ ಹೊಳೀತಿದೆ!" ಎನ್ನುತ್ತಿದ್ದ. ಅವಳಿಗೆ ತಾನು ಮತ್ತೆ ಬಟ್ಟೆಯ ಥಾನುಗಳ ಹಿಂದೆ ನಿಂತ ಹಾಗಾಯಿತು. ಅವನ ಸಂತೋಷವನ್ನು ಮುಟ್ಟದೆ ಗಾಜನ್ನು ಮುಟ್ಟುವ ದಾರಿಯೊಂದಿದ್ದರೆ. ಮೂರು ಸಲ ಮಡಿಸಿದ ವಾಕ್ಯ ಯಾವುದೂ ಕೈಗೆ ಸಿಗಲಿಲ್ಲ. ಸಿಕ್ಕಿದ್ದು ಬೇರೆ ಯಾರದೋ ವಾಕ್ಯ. ತನ್ನ ದನಿ ಇಷ್ಟು ಜೋರಾಗಿ ತಾರಸಿಯ ಮೇಲೆ ಬೀಳುವುದನ್ನು ಅವಳು ಮೊದಲ ಸಲ ಕೇಳಿದಳು.

"ನಾನು ತಪ್ಪು ಮಾಡಿದೆ," ಅಂದಳು. "ಗಾಜಿನ ಒಳಗಡೆ ಪಾಲಿಶ್ ಹಾಕಬಾರದು ಅಂತ ಅಪ್ಪನಿಗೆ ನಾನು ಹೇಳಲೇ ಇಲ್ಲ. ಹನಿ ಕಟ್ಟಿ ವಾಪಸ್ ಬೀಳ್ತಿದೆ. ಜಾಡಿಗೆ ಬಿದ್ದ ನೀರು ಚೆಲ್ಲಬೇಕು. ಗಾಜು ತೆಗೆದು ಸೋಡಾ ನೀರಲ್ಲಿ ತೊಳೀಬೇಕು. ಇವತ್ತು ಐದು ಲೀಟರ್ ಬರಲ್ಲ."

ಅಪ್ಪನ ಕುತ್ತಿಗೆ ನೇರವಾಯಿತು. ಅವನು ಮುಂದೆ ಬಂದು, ಬಗ್ಗಿ, ತಾನು ಎಂದೂ ನೋಡದ ದಿಕ್ಕಿನಿಂದ ತನ್ನ ಕೆಲಸವನ್ನು ನೋಡಿದ. ಒಂದು ಮಣಿ ಉದುರಿತು. "ಅಯ್ಯೋ," ಎಂದ, ಸಣ್ಣಗೆ. ಅಂಗಡಿಯ ಗಾಜಿನ ಮೇಲೆ ನೀರು ನಿಲ್ಲಬಾರದು, ಉದುರಿ ಹೋಗಬೇಕು. ಅದಕ್ಕೆಂದೇ ಹಾಕುವ ಪಾಲಿಶ್ ಅದು. ಒಳ್ಳೆಯ ಪಾಲಿಶ್. ಅವನ ಕಿವಿ ಕೆಂಪಾಗಿತ್ತು. ಆದರೆ ಅಪ್ಪ ಆಗಲೇ ಕೂತು ಮೊದಲ ಹಿಡಿಕೆಯ ತಿರುಪು ಸಡಿಲಿಸುತ್ತಿದ್ದ. "ಬೆಳಿಗ್ಗೆ ಆರಕ್ಕೆ ಎದ್ದು ಮಾಡಿದೆನಲ್ಲೇ," ಎಂದ, ಅವಳಿಗಲ್ಲ, ತಿರುಪಿಗೆ. "ಗಾಜು ಅಂಟಿಸೋ ಮೊದಲು ಜಿಡ್ಡು ತೆಗೀತೀವಿ. ಬರೀ ಸೋಡಾಕ್ಕೆ ಈ ಮೇಣ ಬಗ್ಗಲ್ಲ. ಸ್ಪಿರಿಟ್ ಬೇಕು. ಎಲ್ಲಿದೆ ಈಗ ಸ್ಪಿರಿಟ್ಟು?"

"ನನ್ನ ಚೀಲದಲ್ಲಿ," ಅಂದರು ದೊಡ್ಡ ನರ್ಸ್. "ಸೂಜಿಮದ್ದಿನ ಸ್ಪಿರಿಟ್ ಆಗುತ್ತಾ?"

"ಓಹೋ, ಗಾಜಿಗೂ ಇಂಜೆಕ್ಷನ್ನು!" ಎಂದಳು ಅತ್ತೆ, ಮೆಟ್ಟಿಲಿನಿಂದಲೇ. "ಲೋ, ಕೈ ನಡುಗಿಸಬೇಡ. ಇದನ್ನಾದ್ರೂ ಸರಿಯಾಗಿ ಹಿಡಿ."

"ನೀನು ಸುಮ್ನೆ ಬಿಸಿನೀರು ತಗೊಂಡು ಬಾ ಅಕ್ಕ."

ಗಾಜು ಎತ್ತಿದಾಗ ಪೆಟ್ಟಿಗೆಯೊಳಗಿನ ಬಿಸಿ ಒಮ್ಮೆಲೇ ಮುಖಕ್ಕೆ ಬಡಿಯಿತು. ಮೂರು ತಾಸಿನ ಬಿಸಿಲು ವ್ಯರ್ಥ ಹೋಯಿತು, ಅವಳು ಅಂದುಕೊಂಡಳು, ಆದರೆ ಕೈ ತನ್ನ ಪಾಡಿಗೆ ಕೆಲಸ ಮಾಡುತ್ತಿತ್ತು. ಕಾಲುವೆ, ಕೊಳವೆ, ಜಾಡಿ ಎಲ್ಲ ತೊಳೆದಳು. ಅಪ್ಪ ಸ್ಪಿರಿಟ್ಟಿನಲ್ಲಿ ಹತ್ತಿ ಅದ್ದಿ ಮೇಲಿನಿಂದ ಕೆಳಕ್ಕೆ ಎಳೆದ. ಅದು ಆರಿದ ಮೇಲೆ ಅವಳು ಸೋಡಾ ಹಾಕಿದ ಬಿಸಿನೀರು ಸುರಿದಳು. ಕೊನೆಗೆ ಮೆಟ್ಟಿಲ ಕೆಳಗಿನ ಕೊಡದ ನೀರನ್ನೇ ಚೊಂಬಿನಲ್ಲಿ ತಂದು ಗಾಜಿನ ತಲೆಯಿಂದ ಬಿಟ್ಟಳು. ಸುರಿಯಬೇಕೆಂದಿದ್ದ ಮೂರು ಚೊಂಬು ಸರಿಯಾಗಿ ಅಲ್ಲಿಗೆ ಮುಗಿಯಿತು. ನೀರು ಎಲ್ಲೂ ನಿಲ್ಲಲಿಲ್ಲ, ಒಂದೇ ಹಾಳೆಯಾಗಿ ಇಳಿಯಿತು. "ಬಟ್ಟೆ ಮುಟ್ಟಿಸಬೇಡ ಅಪ್ಪ," ಅಂದಳು. ಹೇಳುವುದು ಎಷ್ಟು ಸುಲಭವಿತ್ತು. ಅಪ್ಪ ಜೇಬಿನಿಂದ ಅರ್ಧ ಹೊರಗೆ ಎಳೆದಿದ್ದ ಬಟ್ಟೆಯನ್ನು ಮತ್ತೆ ಒಳಗೆ ತುರುಕಿದ.

ಮುಚ್ಚಿದಾಗ ಹನ್ನೆರಡಾಗಿತ್ತು. ಊಟ ಮುಗಿಸಿ ಬಂದು ನೋಡಿದರೆ ಗಾಜಿನ ಮೇಲೆ ಏನೂ ಇಲ್ಲ, ದೊಡ್ಡ ನರ್ಸ್ ಗಾಬರಿಯಿಂದ "ಇನ್ನೂ ಶುರುವಾಗಿಲ್ವೇನಮ್ಮ?" ಎಂದು ಕೇಳಿದರು. ಅವಳು ಕೊಳವೆಯ ಬಾಯಿ ತೋರಿಸಿದಳು. ಅಲ್ಲಿ ನೂಲಿನಂಥ ಧಾರೆ, ಕಡಿಯದೆ, ಸದ್ದಿಲ್ಲದೆ ಜಾಡಿಗೆ ಇಳಿಯುತ್ತಿತ್ತು. "ಕೆಲಸ ಸರಿಯಾಗಿ ನಡೀವಾಗ ಕಾಣಲ್ಲ," ಅಂದಳು. ಹೇಳಿದ ಮೇಲೆ ಯಾರೂ ಕೇಳದೆಯೇ ತಾನೊಂದು ಮಾತು ಆಡಿದೆನಲ್ಲ ಎಂದು ಅವಳಿಗೇ ಆಶ್ಚರ್ಯ. ಆಮೇಲೆ ಮಧ್ಯಾಹ್ನವಿಡೀ ಅವಳು ಮಾತಾಡಿದಳು. ಇಳಿಜಾರು ಇಷ್ಟೇ ಯಾಕೆ, ತಳ ಕಪ್ಪೇ ಯಾಕೆ, ವಾರಕ್ಕೊಮ್ಮೆ ಉಪ್ಪು ಕೆರೆಯದಿದ್ದರೆ ಏನಾಗುತ್ತದೆ, ಹತ್ತು ಪೆಟ್ಟಿಗೆಯನ್ನು ಆಸ್ಪತ್ರೆಯ ತಾರಸಿಯಲ್ಲಿ ಯಾವ ಕಡೆ ಮುಖ ಮಾಡಿ ಇಡಬೇಕು. ಶಾಖದ ಬಗ್ಗೆ. ಮೇಜಿನಾಚೆಯ ಆ ಮೂವರು ಇಲ್ಲಿ ಬಂದು ಕೂತಿದ್ದರೆ ಅವರಿಗೂ ಹೇಳಿಬಿಡುತ್ತಿದ್ದಳು. ದಿಂಬಿನ ಚೀಲ ಹೊಲಿದು ಮುಗಿಯಿತು, ಇನ್ನೊಂದು ಶುರುವಾಯಿತು.

ಐದಕ್ಕೆ ಅಳೆದರು. ಮೂರು ಲೀಟರ್ ನಾನೂರು. ಎದೆಯ ಮೇಲಿನ ಗಡಿಯಾರವನ್ನು ಎತ್ತಿ ಹೊತ್ತು ನೋಡಿಕೊಂಡು ದೊಡ್ಡ ನರ್ಸ್ ಒಂದು ಲೋಟ ಬಗ್ಗಿಸಿ ಕುಡಿದರು. ನಾಲಗೆಯಲ್ಲಿ ಹುಡುಕಿದರು. "ಏನೂ ರುಚಿ ಇಲ್ಲವಲ್ಲ," ಎಂದರು. ಅದು ಮೆಚ್ಚುಗೆಯೋ ದೂರೋ ಗೊತ್ತಾಗಲಿಲ್ಲ. ಅವಳು ಪುಸ್ತಕ ತೆರೆದು ಇವತ್ತಿನ ಅಂಕಿ ಬರೆದಳು. ಬರೆದು ಮುಚ್ಚಬಹುದಿತ್ತು, ಪುಟಗಳನ್ನು ಹಿಂದಕ್ಕೆ ಮಗುಚಿದಳು. ಮುತ್ತಿನಂಥ ಆ ಸಾಲಿನ ಮೇಲೆ ಒಂದು ಗೆರೆ ಎಳೆದು, ಪುಸ್ತಕವನ್ನು ದೊಡ್ಡ ನರ್ಸ್ ಮುಂದೆ ಹಿಡಿದಳು. "ಈ ದಿನ ನಾನು ಮೇಲೆ ಬಂದಿರಲಿಲ್ಲ. ಸುಮ್ಮನೆ ಬರೆದದ್ದು."

ಅವರು ಪುಸ್ತಕದ ಕಡೆ ನೋಡಲೂ ಇಲ್ಲ. "ಗೊತ್ತು," ಅಂದರು. "ಆ ದಿನ ದೋಣಿ ಬರಲಿಲ್ಲ. ಅಷ್ಟು ಮೋಡ, ಅಷ್ಟು ಗಾಳಿ. ನಾಲ್ಕು ಜನಕ್ಕೆ ಅರ್ಧರ್ಧ ಲೋಟ ಕೊಟ್ಟಿದ್ದೆ. ದಿನ ಮರೆಯೋಕಾಗುತ್ತಾ? ಇಡೀ ಊರಲ್ಲಿ ನಿನ್ನ ಪುಸ್ತಕದಲ್ಲಿ ಮಾತ್ರ ಬಿಸಿಲಿತ್ತು." ಸೂಜಿಯನ್ನು ಡಬ್ಬಿಗೆ ಹಾಕಿ ಮುಚ್ಚಳ ಒತ್ತಿದರು. "ಅದಕ್ಕೇ ರಜೆ ಹಾಳುಮಾಡಿಕೊಂಡು ಬಂದು ಕೂತಿದ್ದು. ಮಿಕ್ಕ ತೊಂಬತ್ತೊಂದು ನಂಬಬಹುದಾ ಅಂತ."

ಅವಳ ಕಿವಿಯೂ ಅಪ್ಪನ ಕಿವಿಯಂತೆ ಬಿಸಿಯಾಯಿತು. ಮೋಡ ಕಂಡಿರಲಿಲ್ಲ, ಪರದೆ ಎಳೆದುಕೊಂಡು ಮಲಗಿದ್ದಳು. ತನ್ನ ಪೆಟ್ಟಿಗೆಯನ್ನು ಅಷ್ಟು ಬಲ್ಲವಳು ಆ ದಿನದ ಆಕಾಶವನ್ನೇ ನೋಡಿರಲಿಲ್ಲ.

"ಹತ್ತು ಪೆಟ್ಟಿಗೆ," ಎಂದರು ದೊಡ್ಡ ನರ್ಸ್, ಎದ್ದು ಸೀರೆಯ ನೆರಿಗೆ ಸರಿಮಾಡಿಕೊಳ್ಳುತ್ತ. "ಮೋಡದ ದಿನಕ್ಕೂ ಕೂಡಿಡೋಕೆ ಒಂದು ದೊಡ್ಡ ತೊಟ್ಟಿ. ಬರೆಯೋಳು ನೀನೇ, ಮೋಡ ಇದ್ರೆ ಮೋಡ ಅಂತ ಬರಿ. ಗಾಜು ಕೂರಿಸೋರು ಇವರೇ. ಆದ್ರೆ ಸ್ವಾಮಿ, ಆ ಬಟ್ಟೆ ಮಾತ್ರ ಮನೇಲಿಟ್ಟು ಬನ್ನಿ." ಅಪ್ಪ ನಕ್ಕ. ಅತ್ತೆ, "ಅದು ಅವನ ದೇಹದ ಭಾಗ ನರ್ಸಮ್ಮ, ಆಪರೇಷನ್ ಮಾಡಿ ತೆಗೀಬೇಕು," ಎಂದು ಅವರನ್ನು ಕೆಳಗೆ ಕರೆದುಕೊಂಡು ಹೋದಳು.

ತಾರಸಿಯ ಮೇಲೆ ಇಬ್ಬರೇ ಉಳಿದರು. ಬಿಸಿಲು ಓರೆಯಾಗಿ ಬಿದ್ದು ಗಾಜಿನ ಒಳಮೈ ಈಗ ಪೂರ್ತಿ ಕಾಣುತ್ತಿತ್ತು. ಎಲ್ಲ ಕಡೆ ತಿಳಿಯಾದ ಪೊರೆ; ಬಲಮೂಲೆಯಲ್ಲಿ ಮಾತ್ರ, ಎತ್ತಿ ಕೂರಿಸುವಾಗ ಹಿಡಿದ ಜಾಗದಲ್ಲಿ, ಹೆಬ್ಬೆರಳಿನಷ್ಟು ಅಗಲಕ್ಕೆ ಏಳೆಂಟು ಸಣ್ಣ ಹನಿಗಳು ನಿಂತಿದ್ದವು. ಅಪ್ಪನೂ ನೋಡಿದ. ಕೈ ತಾನಾಗಿ ಜೇಬಿಗೆ ಹೋಯಿತು. "ತಡಿ, ಬಿಚ್ಚಿ ಒಂದು ಸಲ—"

"ಇರಲಿ ಬಿಡಪ್ಪ. ಒಂದು ಚಮಚ ಹೋಗುತ್ತೆ ಅಷ್ಟೆ."

"ಲೆಕ್ಕಕ್ಕೆ?"

"ಬರೀತೀನಿ," ಅಂದಳು. ಪುಸ್ತಕವನ್ನು ಮೊಣಕಾಲ ಮೇಲಿಟ್ಟುಕೊಂಡು, ಮೂರು ಲೀಟರ್ ನಾನೂರರ ಪಕ್ಕದಲ್ಲಿ, ಒದ್ದೆ ಬೆರಳು ಒರೆಸಿಕೊಳ್ಳದೆ ಬರೆದಳು: ಬಲಮೂಲೆಯಲ್ಲಿ ಅಪ್ಪನ ಹೆಬ್ಬೆರಳು.